ಎರವಲು ಸೋಫಾ, ಸರ್ಕಾರಿ ಕುರ್ಚಿ

ನಮ್ಮ ಪಕ್ಕದ ಮನೆಯವಳಿಗೆ ಬೀದಿಯವರೆಲ್ಲ ಸೇರಿ ಇಟ್ಟ ಹೆಸರು ಬಿಗುಮಾನ. ಒಲೆ ಹೊತ್ತದ ದಿನವೂ ತಲೆ ಬಾಚಿ, ಇಸ್ತ್ರಿ ಮಾಡಿದ ಬಟ್ಟೆ ತೊಟ್ಟು ಬಾಗಿಲಲ್ಲಿ ನಿಲ್ಲುವ ಹೆಂಗಸು. ಯಾರನ್ನೂ ಒಂದು ಲೋಟ ಸಕ್ಕರೆ ಕೇಳಿದವಳಲ್ಲ. ಗಂಡ ಸರ್ಕಾರಿ ಕಚೇರಿಯಲ್ಲಿ ಜವಾನ. ಸಂಬಳದ ದಿನ ಅವನೂ ಸಂಬಳವೂ ಒಟ್ಟಿಗೆ ಹೆಂಡದಂಗಡಿಗೆ ಹೋಗುವುದು, ವಾಪಸು ಅವನೊಬ್ಬನೇ ಬರುವುದು. ಒಂದು ಸಲ ಅವನೂ ಬರಲಿಲ್ಲ. ಸತ್ತವರ ಬಗ್ಗೆ ಕೆಟ್ಟ ಮಾತಾಡಬಾರದಂತೆ; ಹಾಗಾದರೆ ಅವನ ಬಗ್ಗೆ ಮಾತೇ ಆಡುವ ಹಾಗಿಲ್ಲ.

ಅವಳಿಗೆ ಉಳಿದದ್ದು ಅನುಕಂಪದ ನೌಕರಿಯ ಆಸೆ ಮಾತ್ರ. ಸತ್ತ ನೌಕರನ ಮನೆಯವರಿಗೆ, ನಿಜಕ್ಕೂ ಗತಿಯಿಲ್ಲದಿದ್ದರೆ, ಸರ್ಕಾರ ಕೊಡುವ ಕೆಲಸ ಅದು. ಸಿಕ್ಕರೆ ಇಬ್ಬರು ಹೆಣ್ಣುಮಕ್ಕಳು ಶಾಲೆಯಲ್ಲಿ ಉಳಿಯುತ್ತಾರೆ, ಇಲ್ಲದಿದ್ದರೆ ಕಂಡವರ ಮನೆಯ ಪಾತ್ರೆ ತಿಕ್ಕಬೇಕು. ಗತಿಯಿಲ್ಲದ್ದನ್ನು ಕಣ್ಣಾರೆ ನೋಡಲು ಗಂಡನ ಕಚೇರಿಯ ಸಾಹೇಬರು ಮನೆಗೇ ಬರುತ್ತಾರೆಂದು ತಿಳಿಯಿತು.

ಹಿಂದಿನ ಸಂಜೆ ಬಿಗುಮಾನ ನಮ್ಮ ಬಾಗಿಲಿಗೆ ಬಂದಳು.

“ಅಕ್ಕಾ, ನಿಮ್ಮ ಸೋಫಾ ಒಂದು ದಿನಕ್ಕೆ ಕೊಡ್ತೀರಾ? ಸಾಹೇಬ್ರನ್ನ ನೆಲದ ಮೇಲೆ ಕೂರ್ಸೋಕಾಗುತ್ತಾ?”

ಸಕ್ಕರೆ ಕೇಳದವಳು ಸೋಫಾ ಕೇಳಿದ್ದಾಳೆಂಬ ಸಂಭ್ರಮದಲ್ಲಿ ಇಡೀ ಬೀದಿಗೇ ಮಂಕು ಬಡಿಯಿತು. ನಮ್ಮ ಸೋಫಾ ಹೋಯಿತು. ದರ್ಜಿಯ ಟೇಬಲ್ ಫ್ಯಾನು ಹೋಯಿತು. ಎದುರುಮನೆಯ ಟೀಚರು ಟಿ.ವಿ.ಯನ್ನೇ ಹೊತ್ತು ತಂದರು, ಅದರ ಮೇಲೊಂದು ಹೂದಾನಿ ಬೇರೆ.

ಸಾಹೇಬರು ಬಂದರು. ಸೋಫಾದಲ್ಲಿ ಕುಳಿತು ಫ್ಯಾನಿಗೆ ಮುಖ ಒಡ್ಡಿದರು, ಹೂದಾನಿಯನ್ನು ಮೆಚ್ಚಿಕೊಂಡರು.

“ಅನುಕೂಲವಾಗೇ ಇದ್ದೀರಲ್ಲಮ್ಮ. ಹಾಗೇ ಬರ್ಕೊಳ್ತೀನಿ,” ಎಂದು ಪೆನ್ನು ತೆಗೆದರು.

ಬಿಗುಮಾನದ ಮುಖ ಬಿಳಿಚಿಕೊಂಡಿತು. ಆದರೂ ಎಲ್ಲ ಎರವಲು ಎಂದು ಬಾಯಿ ಬಿಡಬೇಕಲ್ಲ! ಕಿಟಕಿಯಲ್ಲಿ ಇಣುಕುತ್ತಿದ್ದ ನನಗೆ ಮೈಯೆಲ್ಲ ಉರಿದುಹೋಯಿತು. ಸೀದಾ ಒಳಗೆ ನುಗ್ಗಿದೆ, ನನ್ನ ಹಿಂದೆಯೇ ಇಣುಕುತ್ತಿದ್ದ ಉಳಿದವರೂ.

“ಸಾರ್, ಒಂಚೂರು ಏಳ್ತೀರಾ? ಸೋಫಾ ನಮ್ದು.”

ಸಾಹೇಬರು ತಬ್ಬಿಬ್ಬಾಗಿ ಎದ್ದರು. ನಾನೂ ನಮ್ಮ ಯಜಮಾನರೂ ಸೋಫಾ ಎತ್ತಿದೆವು. ದರ್ಜಿ ಫ್ಯಾನಿನ ವೈರು ಕಿತ್ತು ಸುತ್ತಿಕೊಂಡ. ಟೀಚರು ಟಿ.ವಿ. ಅಪ್ಪಿಕೊಂಡು, “ಹೂದಾನಿನೂ ನಂದೇ,” ಎಂದರು. ನೋಡನೋಡುತ್ತಿದ್ದಂತೆ ಮನೆ ಬಟಾಬಯಲು. ಗಂಡನ ಹೆಣದ ಮುಂದೆಯೂ ಅಳದಿದ್ದವಳು ಆಗ ಗೋಡೆಗೆ ಮುಖ ಮಾಡಿ ಅತ್ತಳು. ಅವಳ ಹತ್ತಿರ ಇದ್ದದ್ದು ಮರ್ಯಾದೆಯೊಂದೇ, ಅದನ್ನೂ ನಾವು ಸಾಮಾನಿನ ಜೊತೆ ಹೊತ್ತೊಯ್ದಿದ್ದೆವು.

ಸಾಹೇಬರು ಫೈಲು ಹಿಡಿದು ನಿಂತೇ ಇದ್ದರು. ಮನೆಗೆ ಬಂದವರನ್ನು ನಿಲ್ಲಿಸುವುದು ಅವಳಿಂದಾಗದ ಮಾತು. ಕಣ್ಣೊರೆಸಿಕೊಂಡು, ಅಡುಗೆಮನೆಯ ಬಾಗಿಲ ಹಿಂದೆ ಬಚ್ಚಿಟ್ಟಿದ್ದ ಮರದ ಕುರ್ಚಿ ತಂದಿಟ್ಟಳು. ಅದರ ಬೆನ್ನಿನ ಮೇಲೆ ಬಿಳಿ ಬಣ್ಣದಲ್ಲಿ ಕಚೇರಿಯ ಹೆಸರು, ನಂಬರು.

“ಇದು ನಮ್ಮ ಆಫೀಸಿಂದಲ್ವೇನಮ್ಮ?”

ಸರಿ, ನೌಕರಿಯೂ ಹೋಯಿತು, ಇನ್ನು ಪೊಲೀಸರು ಬರುವುದೊಂದು ಬಾಕಿ ಎಂದುಕೊಂಡೆ.

“ಹೌದು ಸಾರ್,” ಎಂದಳು ಬಿಗುಮಾನ. “ಅವರು ಆಫೀಸಿಂದ ಮನೆಗೆ ತಂದಿದ್ದು ಇದೊಂದೇ.”

ಸಾಹೇಬರು ಕೂರಲಿಲ್ಲ. ಬರೆದದ್ದನ್ನು ಹೊಡೆದುಹಾಕಿ, ನಿಂತಲ್ಲೇ ಬೇರೆ ಬರೆದು ಹೊರಟರು.

ಸರ್ಕಾರದ ಅನುಕಂಪ ತೆವಳಿಕೊಂಡು ಬಂತು, ಆದರೂ ಬಂತು. ಕೆಲಸಕ್ಕೆ ಸೇರುವ ದಿನ ಅವಳು ಇಸ್ತ್ರಿ ಬಟ್ಟೆ ತೊಟ್ಟು, ಆ ಕುರ್ಚಿಯನ್ನು ತಲೆಯ ಮೇಲೆ ಹೊತ್ತು, ನಡುಬೀದಿಯಲ್ಲೇ ನಡೆದುಹೋದಳು. ಕಚೇರಿಯಲ್ಲಿ ಹೆಡ್ ಕ್ಲರ್ಕು ತಲೆಯೆತ್ತದೆ, “ಸದ್ಯಕ್ಕೆ ನಿಂತ್ಕೊಂಡಿರಮ್ಮ. ಇಲ್ಲಿ ಕುರ್ಚಿ ಒಂದು ಕಮ್ಮಿ,” ಎಂದನಂತೆ.

“ಗೊತ್ತು ಸಾರ್. ತಂದಿದ್ದೀನಿ,” ಎಂದು ಬಿಗುಮಾನ ಅದನ್ನು ಕೆಳಗಿಳಿಸಿ ಕೂತಳಂತೆ.