ಮೊದಲ ನೆರಿಗೆ ಯಾರ ಕೈಯದು?

ಬೆಳಗ್ಗೆ ಆರು ಗಂಟೆ ಹತ್ತು ನಿಮಿಷ. ಠಾಣೆಯ ಘೋಡ್‌ಬಂದರ್ ರಸ್ತೆಯಲ್ಲಿ ಚಿತ್ರೀಕರಣಕ್ಕೆ ಬಾಡಿಗೆಗೆ ಸಿಗುವ ಬಂಗಲೆಯೊಂದರ ಕಾರ್ ಶೆಡ್‌ನಲ್ಲಿ ಇಸ್ತ್ರಿ ಪೆಟ್ಟಿಗೆ ಕಾಯುತ್ತಿದೆ. ಕಾರು ನಿಲ್ಲಬೇಕಾದ ಜಾಗದಲ್ಲಿ ಹಳೆಯ ಚಾದರ ಹಾಸಿದ ಉದ್ದನೆಯ ಮೇಜು, ಅದರ ಮೇಲೆ ಹನ್ನೆರಡು ಸೀರೆ. ಮೇಜಿನ ಹಿಂದೆ ನಿಂತ ವಿನೋದಾ ಅವರ ಬಾಯಲ್ಲಿ ನಾಲ್ಕು ಸೇಫ್ಟಿ ಪಿನ್ನು. ಹಾಗಾಗಿ ಯಾರು ಏನು ಕೇಳಿದರೂ ಉತ್ತರ ‘ಹೂಂ’ ಮಾತ್ರ. ಹೌದು, ಅಲ್ಲ, ತಲೆ ತಿನ್ನಬೇಡ, ಎಲ್ಲವನ್ನೂ ಅವರು ಅದೊಂದರಲ್ಲೇ ಹೇಳಿ ಮುಗಿಸುತ್ತಾರೆ. ಯೂನಿಟ್ಟಿನವರಿಗೆ ಅಭ್ಯಾಸವಾಗಿದೆ.

ಐರೋಲಿಯ ಮನೆಯಲ್ಲಿ ನಾಲ್ಕಕ್ಕೆ ಎದ್ದು, ಟ್ರೈನಿನಲ್ಲಿ ಠಾಣೆಗೆ ಬಂದು, ಅಲ್ಲಿಂದ ಶೇರ್ ಆಟೊ ಹಿಡಿದು ಅವರು ಇಲ್ಲಿಗೆ ತಲುಪುವಾಗ ಲೈಟಿನವರೂ ಬಂದಿರುವುದಿಲ್ಲ. ಸಿನಿಮಾ, ಧಾರಾವಾಹಿಗಳಲ್ಲಿ ನಟಿಯರಿಗೆ ಸೀರೆ ಉಡಿಸುವುದು ಅವರ ಕೆಲಸ. ದಿನಕ್ಕೆ ಮೂವತ್ತರಿಂದ ನಲವತ್ತು ಸೀರೆ ಇಸ್ತ್ರಿಯಾಗಬೇಕು. ಒಬ್ಬರಿಗೆ ಉಡಿಸಲು ಏಳು ನಿಮಿಷ, ಮದುವಣಗಿತ್ತಿಯಾದರೆ ಹದಿನೈದು. ಮದುವೆ ಸೀರೆಗೆ ಇಪ್ಪತ್ತೆರಡು ಪಿನ್ನು ಬೀಳುತ್ತದೆ, ಒಂದೂ ಕ್ಯಾಮೆರಾಕ್ಕೆ ಕಾಣಬಾರದು. ನಾಯಕಿ ಓಡಿ ಬಂದು ಮೆಟ್ಟಿಲಿಳಿದು ಅತ್ತು ಬಿದ್ದು ಎದ್ದರೂ ಸೆರಗು ಇದ್ದಲ್ಲೇ ಇರಬೇಕು. ನೋಡುವವರು ಕಣ್ಣೊರೆಸಿಕೊಳ್ಳುತ್ತಾರೆಯೇ ಹೊರತು ಆ ಸೆರಗನ್ನು ಅಲ್ಲಿ ನಿಲ್ಲಿಸಿದವರು ಯಾರೆಂದು ಯಾಕೆ ಕೇಳುತ್ತಾರೆ?

ವಿನೋದಾ ಉಡುಪಿ ಕಡೆಯ ಶಿರ್ವದವರು. ಗಂಡ ಲೀಲಾಧರ ನೌಪಾಡಾದ ಸಸ್ಯಾಹಾರಿ ಹೋಟೆಲೊಂದರ ಗಲ್ಲಾದಲ್ಲಿ ಕೂರುತ್ತಿದ್ದರು. ೧೯೯೮ರ ಮಳೆಗಾಲದಲ್ಲಿ ಕಾಮಾಲೆ ಬಂತು, ಒಂಬತ್ತೇ ದಿನದಲ್ಲಿ ತೀರಿಕೊಂಡರು. ಮಗಳು ಸೌಜನ್ಯಳಿಗೆ ಆಗ ಹನ್ನೆರಡು. ಸೀರೆಗೆ ಫಾಲ್ ಹಚ್ಚುವುದರಿಂದ ಶುರುಮಾಡಿದ ವಿನೋದಾ ನೌಪಾಡಾದ ಬ್ಯೂಟಿ ಪಾರ್ಲರಿನಲ್ಲಿ ಮದುಮಗಳಿಗೆ ಉಡಿಸುವ ಕೆಲಸ ಹಿಡಿದರು. ಅಲ್ಲಿಂದ ಯಾರೋ ಸೆಟ್ಟಿಗೆ ಕರೆದರು. “ಒಂದು ದಿನಕ್ಕೆ ಅಂತ ಹೋದದ್ದು ಮಾರಾಯ್ರೆ. ಹನ್ನೊಂದು ವರ್ಷ ಆಯ್ತು, ಇನ್ನೂ ಆ ದಿನ ಮುಗಿಯಲಿಲ್ಲ” ಎನ್ನುತ್ತಾರೆ, ಪಿನ್ನುಗಳನ್ನು ಅಂಗೈಗೆ ಉಗುಳಿಕೊಂಡು.

ನಿಂತು ನಿಂತು ಕಾಲು ಊದುತ್ತದೆ. ಹೊರಾಂಗಣದ ಶೂಟಿಂಗ್ ಇದ್ದರೆ ಶೌಚಾಲಯದ ಯೋಚನೆಯಲ್ಲಿ ನೀರೇ ಕುಡಿಯುವುದಿಲ್ಲ. ಎಡಗೈ ಮೇಲೆ ಇಸ್ತ್ರಿ ಪೆಟ್ಟಿಗೆ ಮಾಡಿದ ಕಲೆಗಳಿವೆ. ಚಿತ್ರದ ಕೊನೆಯಲ್ಲಿ ಸರಸರನೆ ಮೇಲಕ್ಕೆ ಓಡುವ ಹೆಸರುಗಳಲ್ಲಿ ಅವರದು ಇದ್ದದ್ದು ಎರಡೋ ಮೂರೋ ಸಲ. ಅಷ್ಟು ಹೊತ್ತಿಗೆ ಥಿಯೇಟರಿನಲ್ಲಿ ಜನ ಚಪ್ಪಲಿ ಹುಡುಕುತ್ತಿರುತ್ತಾರೆ.

ಇಷ್ಟೇ ಆಗಿದ್ದರೆ ಬಡಪಾಯಿ ಕೆಲಸಗಾರ್ತಿಯ ಕತೆಯಾಗಿ ಮುಗಿಯುತ್ತಿತ್ತು. ಆದರೆ ಕಳೆದ ಚಳಿಗಾಲದಲ್ಲಿ, ೨೦೧೨ರ ನವೆಂಬರಿನಲ್ಲಿ, ವಿನೋದಾ ಒಂದು ಹಿಂದಿ ಕೌಟುಂಬಿಕ ಚಿತ್ರಕ್ಕೆ ಕೆಲಸ ಮಾಡಿದರು. ಕೂಡುಕುಟುಂಬದ ಎಳೆಯ ಸೊಸೆ ವಿಧವೆಯಾಗುತ್ತಾಳೆ, ಮಾವನೇ ಮುಂದೆ ನಿಂತು ಅವಳಿಗೆ ಮರುಮದುವೆ ಮಾಡಿಸುತ್ತಾನೆ. ಠಾಣೆಯಲ್ಲಿ ಈ ಚಿತ್ರ ಓಡಿದ್ದು ಒಂದೇ ವಾರ. ನೋಡಿದವರು ಕಡಿಮೆ. ವಿನೋದಾರಿಗೆ ಮಾತ್ರ ಅದನ್ನು ಮರೆಯಲು ಸಾಧ್ಯವಿಲ್ಲ.

ಶುರುವಿನಲ್ಲೇ ಅವರಿಗೊಂದು ತಕರಾರಿತ್ತು. ಗಂಡ ಸತ್ತ ಮೇಲೆ ನಾಯಕಿಗೆ ಉಡಿಸಲೆಂದು ಕಪಾಟಿನ ತುಂಬ ಬಿಳಿ ಸೀರೆ ಬಂದಿತ್ತು. ಕತೆಯಲ್ಲಿ ಆಕೆ ಕಲ್ಯಾಣದಿಂದ ಲೋಕಲ್ ಟ್ರೈನ್ ಹಿಡಿದು ಕೆಲಸಕ್ಕೆ ಹೋಗುವವಳು. “ಬಿಳಿ ಸೀರೆ ಉಟ್ಟು ಯಾವ ಹೆಂಗಸು ಲೋಕಲ್ ಹತ್ತುತ್ತಾಳೆ? ಒಂದೇ ದಿನಕ್ಕೆ ಕರಿ ಆಗ್ತದೆ. ನನಗೂ ಗಂಡ ಇಲ್ಲ, ನಾನು ಎಂತ ಉಟ್ಟಿದ್ದೇನೆ ನೋಡಿ ಅಂದೆ.” ಆ ದಿನ ಅವರು ಉಟ್ಟದ್ದು ನೀಲಿ ಹೂವಿನ ಪಾಲಿಸ್ಟರ್ ಸೀರೆ. ಚಹಾ ಕುಡಿಯುತ್ತಿದ್ದ ನಿರ್ದೇಶಕ ಅವರನ್ನು ಅಡಿಯಿಂದ ಮುಡಿವರೆಗೆ ನೋಡಿದನಂತೆ. ಮರುದಿನ ಠಾಣೆಯ ಮಾರ್ಕೆಟ್ಟಿನಿಂದ ಹೂ ಹೂವಿನ ಸೀರೆಗಳು ಬಂದವು. ಬಿಳಿ ಸೀರೆ ಒಂದೇ ದೃಶ್ಯಕ್ಕೆ ಉಳಿಯಿತು.

ಅದೇ ಹೊತ್ತಿಗೆ ವಿನೋದಾರ ಮನೆಯಲ್ಲೂ ಅಂಥದೇ ಕತೆ ನಡೆಯುತ್ತಿತ್ತು. ಸೌಜನ್ಯಳ ಮದುವೆ ೨೦೦೮ರಲ್ಲಿ ಆಗಿತ್ತು. ಗಂಡ ಪೃಥ್ವಿರಾಜ್ ಮೂರೇ ವರ್ಷಕ್ಕೆ ಬೈಕ್ ಅಪಘಾತದಲ್ಲಿ ಹೋಗಿಬಿಟ್ಟ. ತಾಯಿಮನೆಗೆ ಮರಳಿದ ಸೌಜನ್ಯ ಮಹಾಪೆಯ ಕಂಪನಿಯಲ್ಲಿ ಕೆಲಸಕ್ಕೆ ಸೇರಿದಳು. ಅಲ್ಲೇ ಪರಿಚಯವಾದ ಅನೀಶ ಮನೆಗೆ ಬಂದು, ಮದುವೆಯಾಗುತ್ತೇನೆ ಎಂದ. ಊರಿನಲ್ಲಿದ್ದ ವಿನೋದಾರ ಅಣ್ಣ ವಸಂತಕುಮಾರರನ್ನು ಒಪ್ಪಿಸಬೇಕಿತ್ತು. ವಿನೋದಾ ಮಾಡಿದ್ದೇನೆಂದರೆ, ಸೆಟ್ಟಿನಲ್ಲಿ ಮಾವನ ಪಾತ್ರದವನ ಸಂಭಾಷಣೆಯನ್ನು ನಾಲ್ಕು ಟೇಕ್ ಕೇಳಿ ಬಾಯಿಪಾಠ ಮಾಡಿ, ಕನ್ನಡಕ್ಕೆ ತಿರುಗಿಸಿ, ಫೋನಿನಲ್ಲಿ ಅಣ್ಣನಿಗೆ ಒಪ್ಪಿಸಿದ್ದು. “ಇದು ನಿನ್ನ ಮಾತಲ್ಲ ಮಾರಾಯ್ತಿ, ಯಾರು ಹೇಳಿಕೊಟ್ಟದ್ದು?” ಎಂದು ಅಣ್ಣ ಕೂಡಲೇ ಹಿಡಿದರು. ಆದರೂ ಒಪ್ಪಿದರು. ಫೆಬ್ರವರಿಗೆ ನೌಪಾಡಾದಲ್ಲಿ ಚಿಕ್ಕ ಹಾಲ್ ಗೊತ್ತಾಯಿತು.

ಎಲ್ಲ ಸರಿಯಾಯಿತು, ಒಂದು ಬಿಟ್ಟು. “ಮಮ್ಮಿ, ಸೀರೆ ತೂಹೀ ಪೆಹನಾ. ನೀನೇ ಉಡಿಸು, ಬಸ್, ಬೇರೆ ಯಾರೂ ಬೇಡ” ಎಂದು ಸೌಜನ್ಯ ಹಟ ಹಿಡಿದಳು. ನೂರಾರು ಮದುವಣಗಿತ್ತಿಯರಿಗೆ ಉಡಿಸಿದ ತಾಯಿ ಮಾತ್ರ ಆಗದು ಎಂದರು. ಗಂಡನಿಲ್ಲದ ಕೈ ಮಗಳ ಧಾರೆ ಸೀರೆಯನ್ನು ಮುಟ್ಟಬಾರದು. ಹಾಗೆಂದು ಯಾರೂ ಅವರಿಗೆ ಹೇಳಿದ್ದಿಲ್ಲ, ಅಣ್ಣನೂ ಹೇಳಿರಲಿಲ್ಲ. ಆ ಅಂಜಿಕೆ ಪೂರ್ತಿ ವಿನೋದಾರದೇ. ಮಗಳ ಮೊದಲ ಮದುವೆಯ ದಿನವೂ ಅವರು ಹಾಲ್‌ನ ಅಡುಗೆಕೋಣೆಯಲ್ಲೇ ಉಳಿದಿದ್ದರು. ಈ ಸಲವೂ ಅಲ್ಲೇ ಎಂದು ತೀರ್ಮಾನಿಸಿ, ಉಡಿಸಲು ಮೋಹಿನಿಗೆ ಹೇಳಿಟ್ಟಿದ್ದರು.

ಮೋಹಿನಿ ಅವರ ಸಹಾಯಕಿ. ವಿಜಾಪುರ ಕಡೆಯವಳು, ಕಲ್ಯಾಣದ ವಠಾರದಂಥ ಚಾಳಿನಲ್ಲಿ ವಾಸ, ಕೊರಳಲ್ಲಿ ಕರಿಮಣಿ, ಹಣೆಯಲ್ಲಿ ಕಾಸಗಲದ ಕುಂಕುಮ. ಎಂಟು ವರ್ಷದಿಂದ ಜೊತೆಗಿದ್ದಾಳೆ. ಬಿಡುವಿದ್ದಾಗ ಹೋಗುತ್ತಿದ್ದ ಪಾರ್ಲರಿರಲಿ, ಸೆಟ್ಟಿರಲಿ, ಮದುವೆ ಸೀರೆಯ ಮೊದಲ ನೆರಿಗೆಯನ್ನು ವಿನೋದಾ ಅವಳ ಕೈಯಲ್ಲೇ ಹಾಕಿಸುತ್ತಿದ್ದರು. ಉಳಿದದ್ದು ತಾವು. ಕಾರಣ ಯಾರಿಗೂ ಹೇಳಿರಲಿಲ್ಲ. ಯೂನಿಟ್ಟಿನವರು ಅದೊಂದು ಕಸುಬಿನ ಗುಟ್ಟು ಎಂದುಕೊಂಡಿದ್ದರು. ಮೋಹಿನಿಯೂ ಹಾಗೇ ತಿಳಿದು, ಮದುವೆ ಸೀರೆಗೆ ಇಬ್ಬರು ಬೇಕೇ ಬೇಕು ಎಂದು ಹೊಸ ಹುಡುಗಿಯರಿಗೆ ಪಾಠ ಹೇಳುತ್ತಿದ್ದಳು. ಈಗ ಠಾಣೆಯ ಎಷ್ಟೋ ಪಾರ್ಲರುಗಳಲ್ಲಿ ಯಾಕೆಂದು ಗೊತ್ತಿಲ್ಲದೆ ಇಬ್ಬಿಬ್ಬರು ನಿಂತು ಉಡಿಸುತ್ತಾರೆ.

ಚಿತ್ರದ ಮರುಮದುವೆಯ ದೃಶ್ಯದ ದಿನ ಬಂತು. ವ್ಯಾನಿಟಿ ವ್ಯಾನಿನೊಳಗೆ ನಾಯಕಿ, ವಿನೋದಾ, ಮೋಹಿನಿ ಮೂವರೇ. ಮೋಹಿನಿ ಮಂಡಿಯೂರಿ ಮೊದಲ ನೆರಿಗೆ ಹಿಡಿದಳು. “ಆಂಟಿ, ಪೆಹಲೇ ಹಮೇಶಾ ಮೋಹಿನಿ ಹೀ ಕ್ಯೋಂ?” ಯಾವಾಗಲೂ ಮೊದಲು ಮೋಹಿನಿಯೇ ಯಾಕೆ ಎಂದು ನಾಯಕಿ ಕೇಳಿದಳು, ಪಾತ್ರಕ್ಕೆ ಬೇಕಾಗಬಹುದೆಂದು ಎಲ್ಲವನ್ನೂ ಕೆದಕಿ ಕೇಳುವ ಹುಡುಗಿ. ವಿನೋದಾ ಬಾಯಿಂದ ಪಿನ್ನು ತೆಗೆದು ಮೊದಲ ಬಾರಿಗೆ ಕಾರಣ ಹೇಳಿದರು. ತಾನು ವಿಧವೆ, ಅವಳು ಮುತ್ತೈದೆ, ಅದಕ್ಕೆ.

ನೆರಿಗೆಯ ಮೇಲಿದ್ದ ಮೋಹಿನಿಯ ಕೈ ನಿಂತಿತು. ಅವಳು ತಲೆ ಎತ್ತದೆ, ನಾಯಕಿಗೆ ತಿಳಿಯದ ಕನ್ನಡದಲ್ಲಿ ಹೇಳಿದಳು. “ಹಂಗಿದ್ರ ಇದನ್ನ ಬಿಚ್ಚಿಬಿಡ್ರಿ ಅಕ್ಕಾ. ನನ್ನ ಗಂಡ ತೀರಿ ಮೂರ ವರ್ಷ ಆತು.”

ಲಾರಿ ಓಡಿಸುತ್ತಿದ್ದ ಅವಳ ಗಂಡ ೨೦೦೯ರಲ್ಲಿ ಸೊಲ್ಲಾಪುರದಲ್ಲಿ ಎದೆನೋವಿನಿಂದ ಸತ್ತಿದ್ದ. ತವರಿಗೆ ಹೋಗಿಬರುತ್ತೇನೆಂದು ಹದಿನೈದು ದಿನ ರಜೆ ಹಾಕಿ, ಎಲ್ಲ ಮುಗಿಸಿ, ಕರಿಮಣಿ ಹಾಕಿಕೊಂಡೇ ಮರಳಿದ್ದಳು. “ಚಾಳಿನ್ಯಾಗ ಹೆಣ್ಣಮಗಳು ಒಬ್ಬಾಕಿ ಇರಬೇಕಂದ್ರ ಕೊರಳಾಗ ಇದು ಬೇಕ್ರಿ. ಸಂಜಿ ಲೋಕಲ್‌ನ್ಯಾಗೂ ಬೇಕು. ನೀವು ಕೇಳಲಿಲ್ಲ, ನಾ ಹೇಳಲಿಲ್ಲ. ಮೊದಲ ನೆರಿಗಿ ಇದಕ್ಕಂತ ನನಗೇನ ಗೊತ್ರಿ?”

ಹೊರಗೆ ಸಹಾಯಕ ನಿರ್ದೇಶಕ ವ್ಯಾನಿನ ಬಾಗಿಲು ಬಡಿಯುತ್ತಿದ್ದ. ವಿನೋದಾ ನೆರಿಗೆ ಬಿಚ್ಚಲಿಲ್ಲ. ಉಳಿದ ಆರು ನೆರಿಗೆ ಹಾಕಿ, ಇಪ್ಪತ್ತೆರಡು ಪಿನ್ನು ಚುಚ್ಚಿ ನಾಯಕಿಯನ್ನು ಕಳಿಸಿದರು. ದೊಡ್ಡ ಮನಸ್ಸು ಮಾಡಿದಿರಾ ಎಂದು ಕೇಳಿದರೆ ನಗುತ್ತಾರೆ. “ಎಂತ ದೊಡ್ಡ ಮನಸ್ಸು? ಬಿಚ್ಚಲಿಕ್ಕೆ ಟೈಮೇ ಇರಲಿಲ್ಲ.” ಮೂರನೇ ಟೇಕಿಗೆ ಶಾಟ್ ಓಕೆ ಆಯಿತು.

ಎರಡು ದಿನ ಅವರು ಮೋಹಿನಿಯೊಂದಿಗೆ ಮಾತಾಡಲಿಲ್ಲ. ಮೊದಲು ಬಂದದ್ದು ಸಿಟ್ಟು. ಆಮೇಲೆ ಬಂದದ್ದು ಬೇರೆಯೇ. “ಆ ಮೂರು ವರ್ಷವೂ ಒಂದೇ ಡಬ್ಬಿಯಲ್ಲಿ ಊಟ ಮಾಡಿದ್ದೇವೆ. ಇವಳ ಗಂಡ ಸತ್ತದ್ದು ನನಗೆ ಗೊತ್ತಿಲ್ಲ. ನಾನು ಅವಳ ಕೈ ನೋಡಿದೆ, ಮುಖ ನೋಡಲಿಲ್ಲ. ನಾಚಿಕೆ ಆಯ್ತು ನನಗೆ.”

ನಾಚಿಕೆ ಇಳಿದ ಮೇಲೆ ಕುತೂಹಲ ಎದ್ದಿತು. ಈ ಮೂರು ವರ್ಷದಲ್ಲಿ ಪಾರ್ಲರಿನ ಎಷ್ಟು ನಿಜವಾದ ಮದುಮಗಳಂದಿರಿಗೆ ಮೋಹಿನಿ ಮೊದಲ ನೆರಿಗೆ ಹಾಕಿದ್ದಾಳೆ? ಅವರೆಲ್ಲ ಈಗ ಹೇಗಿದ್ದಾರೆ? ವಿನೋದಾರ ಮೊಬೈಲಿನಲ್ಲಿ ಮದುಮಗಳಂದಿರು ಸೀರೆಯ ಬಣ್ಣದ ಹೆಸರಲ್ಲೇ ಇದ್ದಾರೆ. ಹಸಿರು ಪೈಠಣಿ, ಕೆಂಪು ಕಾಂಚಿಪುರಂ, ಹಳದಿ ಬನಾರಸಿ. ಒಂದು ರಜೆಯ ದಿನ ಕೂತು, ‘ಸುಮ್ಮನೆ ನೆನಪಾಯಿತು’ ಎಂಬ ನೆಪದಲ್ಲಿ ಒಂಬತ್ತು ಮಂದಿಗೆ ಫೋನ್ ಮಾಡಿದರು. ಹಸಿರು ಪೈಠಣಿಗೆ ಅವಳಿ ಮಕ್ಕಳು. ಕೆಂಪು ಕಾಂಚಿಪುರಂ ಗಂಡನೊಂದಿಗೆ ಜಗಳವಾಡಿ ತಾಯಿಮನೆಗೆ ಬಂದಿದ್ದಳು, ಆದರೆ ಗಂಡ ಕಲ್ಲುಗುಂಡಿನ ಹಾಗಿದ್ದಾನಂತೆ. ಹಳದಿ ಬನಾರಸಿಯ ಗಂಡ ಕುಕ್ಕರ್ ಎಷ್ಟು ಸೀಟಿ ಹೊಡೆಯಬೇಕೆಂದು ಹಿಂದಿನಿಂದ ಅರಚುತ್ತಿದ್ದ. “ಒಂಬತ್ತಕ್ಕೆ ಒಂಬತ್ತೂ ಗಟ್ಟಿ!” ಎಂದು ಈಗಲೂ ಬೆರಳು ಮಡಚಿ ತೋರಿಸುತ್ತಾರೆ.

ಆಮೇಲೆ ದನಿ ತಗ್ಗುತ್ತದೆ. “ಸೌಜನ್ಯಳ ಮೊದಲ ಮದುವೆಗೂ ಉಡಿಸಿದ್ದು ಮೋಹಿನಿಯೇ. ಆಗ ಅವಳ ಗಂಡ ಇದ್ದ. ನಾನು ಬಾಗಿಲ ಹತ್ತಿರ ಕೂಡ ಹೋಗಲಿಲ್ಲ. ಎಲ್ಲ ಮುತ್ತೈದೆಯರೇ ಮುಟ್ಟಿದ್ದು. ಪೃಥ್ವಿರಾಜ್ ಉಳಿದನಾ?” ಇಸ್ತ್ರಿ ಪೆಟ್ಟಿಗೆ ಸ್ವಲ್ಪ ಹೊತ್ತು ಅಲ್ಲಾಡದೆ ನಿಲ್ಲುತ್ತದೆ. ಸೀರೆ ಸುಡುವ ಮೊದಲೇ ಅವರಿಗೆ ಎಚ್ಚರವಾಗುತ್ತದೆ.

ಫೆಬ್ರವರಿಯ ಆ ಬೆಳಗ್ಗೆ ನೌಪಾಡಾದ ಹಾಲ್‌ನ ಕೋಣೆಯಲ್ಲಿ ವಿನೋದಾ ಮಗಳ ಮುಂದೆ ಮಂಡಿಯೂರಿದರು. ಮೋಹಿನಿ ಪಿನ್ನಿನ ಡಬ್ಬಿ ಹಿಡಿದು ಪಕ್ಕದಲ್ಲಿ ನಿಂತಿದ್ದಳು, ಹೊಸ ಸೀರೆಯುಟ್ಟು. ಎಲ್ಲಿ ಅಮ್ಮ ಮನಸ್ಸು ಬದಲಿಸಿಬಿಡುತ್ತಾಳೋ ಎಂಬ ಹೆದರಿಕೆ ಸೌಜನ್ಯಳಿಗೆ. ಹದಿನೈದು ನಿಮಿಷದ ಕೆಲಸಕ್ಕೆ ನಲವತ್ತು ನಿಮಿಷ ಹಿಡಿಯಿತು. ಎರಡು ಸಲ ಬೆರಳಿಗೆ ಪಿನ್ನು ಚುಚ್ಚಿತು. ಮಧ್ಯದಲ್ಲಿ ಅತ್ತಿಗೆ, ವಸಂತಕುಮಾರರ ಹೆಂಡತಿ ವೇದಾವತಿ, ಬಾಗಿಲು ತೆರೆದು ನೋಡಿದರು. ಏನನ್ನಬಹುದೆಂದು ವಿನೋದಾ ಕಾದರು. “ಬೇಗ ಆಗಲಿ, ಪುರೋಹಿತರು ಕರೀತಿದ್ದಾರೆ” ಎಂದಷ್ಟೇ ಹೇಳಿ ಅವರು ಬಾಗಿಲು ಎಳೆದುಕೊಂಡರು.

ಶೆಡ್ಡಿನ ಹೊರಗೆ ಈಗ ಬೆಳಕಾಗಿದೆ. ಜನರೇಟರ್ ಶುರುವಾಗಿದೆ, ಮೊದಲ ನಟಿಯ ಕಾರು ಗೇಟಿನಲ್ಲಿ ಹಾರ್ನ್ ಹೊಡೆಯುತ್ತಿದೆ. ವಿನೋದಾ ಕೊನೆಯ ಸೀರೆಯನ್ನು ಮಡಚಿ ತೋಳಿಗೆ ಹಾಕಿಕೊಳ್ಳುತ್ತಾರೆ. ಹೊರಡುವ ಮುನ್ನ ಒಂದು ಮಾತು ಹೇಳಲಿಕ್ಕಿದೆ ಎನ್ನುತ್ತಾರೆ.

“ಮದುವೆಯ ದಿನ ಊಟದ ಹೊತ್ತಿಗೆ ಅನೀಶನ ದೊಡ್ಡಮ್ಮ ಬಂದರು. ಮೇ ತಿಂಗಳಲ್ಲಿ ಅವರ ಮೊಮ್ಮಗಳ ಮದುವೆಯಂತೆ. ‘ಇಷ್ಟು ಚಂದ ಉಡಿಸಿದ್ದು ಯಾರು, ನಂಬರ್ ಉಂಟಾ?’ ಅಂತ ಕೇಳಿದರು. ಇಷ್ಟು ವರ್ಷ ಯಾರು ಕೇಳಿದ್ರೂ ‘ನಾವು ಡ್ರೆಸ್ ಡಿಪಾರ್ಟ್‌ಮೆಂಟ್’ ಅಂತ ಹೇಳ್ತಿದ್ದೆ. ಆ ದಿನ ಹಾಗೆ ಹೇಳಲಿಲ್ಲ. ‘ನಾನು’ ಅಂದೆ. ‘ಅವಳ ಅಮ್ಮ.’”