ಬೇರೆ ಬಡಿಸಿಟ್ಟಿದ್ದ ಎಲೆ

ದೆವ್ವ, ಮೈಮೇಲೆ ಬರುವುದು, ಸತ್ತವರು ಕಾಗೆಯಾಗಿ ಬಂದು ಉಣ್ಣುವುದು ಇವನ್ನೆಲ್ಲ ನಾನು ಎಂದೂ ನಂಬಿದವನಲ್ಲ. ಹಾಗೆಂದು ನನ್ನನ್ನು ಧೈರ್ಯಸ್ಥ ಎಂದು ತಿಳಿಯಬೇಡಿ. ನನ್ನ ಹೆದರಿಕೆಗಳು ಬೇರೆ: ಗ್ಯಾಸ್ ಸಿಲಿಂಡರ್, ಲಿಫ್ಟು, ಎಡತೋಳಿನ ನೋವು, ಹೋಟೆಲಿನ ಚಟ್ನಿ. ಬೇಗಂ ಬಜಾರಿನಲ್ಲಿ ನನ್ನದು ಸ್ಟೀಲ್ ಪಾತ್ರೆಗಳ ಸಗಟು ಅಂಗಡಿ. ಶಟರ್ ಎಳೆದು ಕೂಕಟ್‌ಪಲ್ಲಿಯ ಮನೆ ಮುಟ್ಟುವಷ್ಟರಲ್ಲಿ, ಬೀಗ ಹಾಕಿದೆನೋ ಇಲ್ಲವೋ ಎಂಬ ಚಿಂತೆಯಲ್ಲಿ ಅರ್ಧ ಜೀವ ಹೋಗಿರುತ್ತದೆ. ಇಷ್ಟು ಚಿಂತೆ ಇರುವವನಿಗೆ ದೆವ್ವದ ಚಿಂತೆಗೆ ಪುರಸೊತ್ತು ಎಲ್ಲಿಂದ ಬರಬೇಕು? ಈಗ ಬರೆಯುತ್ತಿರುವುದನ್ನು ಬೇರೆ ಯಾರಾದರೂ ಹೇಳಿದ್ದರೆ ನಾನು ನಕ್ಕು, ಚಹಾ ಮುಗಿಸಿ ಎದ್ದು ಬರುತ್ತಿದ್ದೆ.

ಕೆಲವು ವರ್ಷಗಳ ಹಿಂದಿನ ಮಾತು. ನನ್ನ ಹೆಂಡತಿ ಶಾರದಾ ಫೋನಿನಲ್ಲಿ ಒಂದು ಪ್ರವಾಸ ಹುಡುಕಿದ್ದಳು. ಬೆಳಿಗ್ಗೆ ಹೈದರಾಬಾದ್ ಬಿಟ್ಟು ವಿಕಾರಾಬಾದ್ ಕಡೆಯ ಕಾಡಿನಲ್ಲಿ ನಡೆಯುವುದು, ನಡುನಡುವೆ ಹಳ್ಳಿಯ ಅಡುಗೆಯ ರುಚಿ ನೋಡುವುದು, ಸಂಜೆಗೆ ವಾಪಸ್ಸು.

"ನನ್ನ ಹೊಟ್ಟಿಗೆ ಆಗೂದಿಲ್ಲ, ಬ್ಯಾಡ," ಎಂದೆ.

"ಅಂಗಡ್ಯಾಗ ಕುಂತು ಕುಂತು ನೀವೂ ಒಂದು ಸ್ಟೀಲಿನ ಡಬರಿ ಆಗೀರಿ," ಎಂದಳು. "ಯಾರರ ಬಡದ್ರ ಠಣ್ ಅಂತೀರಿ, ಅಷ್ಟ. ಸುಮ್ನ ಬರ್‍ರಿ."

ಹೋದೆವು. ನಮ್ಮ ಮಾರ್ಗದರ್ಶಿ ಮಲ್ಲೇಶ್ ಎಂಬ ನಗುಮುಖದ ಗೃಹಸ್ಥ, ಅದೇ ಸೀಮೆಯವನು. ಗಡಿ ಹತ್ತಿರವಾದ್ದರಿಂದ ತೆಲುಗು, ಹಿಂದಿ, ಕನ್ನಡ ಮೂರೂ ಅವನ ಬಾಯಲ್ಲಿ ಒಂದೇ ಉಸಿರಿಗೆ ಬರುತ್ತಿದ್ದವು. ಮಿನಿಬಸ್ಸಿನಲ್ಲಿ ಉಳಿದವರೆಲ್ಲ ಬೆಂಗಳೂರು, ಮಂಗಳೂರಿನ ಐಟಿ ಕೆಲಸದ ಹುಡುಗ ಹುಡುಗಿಯರು. ನನಗೆ ಖಾರ ಆಗುವುದಿಲ್ಲವೆಂದೂ, ಆ್ಯಸಿಡಿಟಿಯಿಂದ ರಾತ್ರಿಯೆಲ್ಲ ಕೂತಿರುತ್ತೇನೆಂದೂ, ಆದ್ದರಿಂದ ಎಲ್ಲಿ ಊಟವಿಟ್ಟರೂ ನನಗೆ ಒಂದು ಸಪ್ಪೆ ಎಲೆ ಬೇರೆ ಇಡಿಸಬೇಕೆಂದೂ ಶಾರದಾ ಬಸ್ಸು ಬಿಡುವ ಮೊದಲೇ ಎಲ್ಲರಿಗೂ ಕೇಳಿಸುವಂತೆ ಅವನಿಗೆ ಹೇಳಿದಳು. ಸ್ವಲ್ಪ ಮೆಲ್ಲಗೆ ಹೇಳಬಹುದಿತ್ತು.

ಮಲ್ಲೇಶ್ ಮಾತು ಉಳಿಸಿಕೊಂಡ. ಕಾಡಿನ ಅಂಚಿನಲ್ಲಿ ಅಂಬಲಿ ಕೊಟ್ಟಲ್ಲೂ, ಕೆರೆಯ ಏರಿಯ ಮೇಲೆ ಶೇಂಗಾ, ಎಳ್ಳು ಹಾಕಿ ತಟ್ಟಿದ ಸರ್ವಪಿಂಡಿ ರೊಟ್ಟಿ ಬಡಿಸಿದಲ್ಲೂ, ಎಲ್ಲರ ಎಲೆ ಒಂದು ಸಾಲಿನಲ್ಲಿ, ನನ್ನದು ಆಚೆ ಒಂದು ಮರದ ಬುಡದಲ್ಲಿ. ಮುತ್ತಲದೆಲೆ, ಪಕ್ಕದಲ್ಲಿ ಒಂದು ಚೊಂಬು ನೀರು. ಹುಡುಗರು ಅದಕ್ಕೆ "ಅಳಿಯನ ಎಲೆ" ಎಂದು ಹೆಸರಿಟ್ಟರು. "ಅಂಕಲ್, ಅಳಿಯನ ಎಲೆ ರೆಡಿ ಇದೆ, ಮುನಿಸ್ಕೋಬೇಡಿ," ಎಂದು ಒಬ್ಬಳು ಕೂಗಿದಾಗ ನಾನೂ ನಕ್ಕೆ. ಈಚಲ ಮರದ ಕೆಳಗೆ ಕಳ್ಳನ್ನೂ ಕೊಟ್ಟರು. ನಾನು ತುಟಿ ಒದ್ದೆ ಮಾಡಿದೆ, ಅಷ್ಟೇ. ಇದನ್ನು ಯಾಕೆ ಹೇಳುತ್ತೇನೆಂದರೆ, ನನ್ನ ಕಥೆ ಕೇಳಿದವರೆಲ್ಲ ಮೊದಲು ಕೇಳುವುದು ಅದನ್ನೇ.

ಮಧ್ಯಾಹ್ನದ ಊಟ ಕಾಡಿನಾಚೆಯ, ಗಡಿಯ ಕನ್ನಡವನ್ನೂ ಆಡುವ ಒಂದು ಚಿಕ್ಕ ಊರಿನಲ್ಲಿ. ಅಂದು ಹಿರಿಯರ ಅಮಾವಾಸ್ಯೆ, ಅಲ್ಲಿಯವರು ಹೇಳುವ ಪೆತ್ರಮಾಸ. ಮನೆಮನೆಯಲ್ಲೂ ಸತ್ತವರ ಹೆಸರಿನಲ್ಲಿ ಅಡುಗೆ. ಪ್ರವಾಸಿಗರಿಗೆ ಇದಕ್ಕಿಂತ ಒಳ್ಳೆಯ ರುಚಿ ಇನ್ನಾವ ದಿನ ಸಿಗಬೇಕು ಎಂಬುದು ಮಲ್ಲೇಶನ ಲೆಕ್ಕಾಚಾರ. ದಾರಿಯುದ್ದಕ್ಕೂ ತಂಗಡಿ ಹೂ ಹಳದಿಯಾಗಿ ಅರಳಿತ್ತು. ನನ್ನ ಮೊಣಕಾಲು ಹಿಡಿದುಕೊಂಡಿದ್ದರಿಂದ ನಾನು ಹಿಂದೆ ಬಿದ್ದೆ. ಉಳಿದವರು ಮುಂದೆ ಹೋಗಿ, ಬಾಲಮ್ಮ ಎಂಬ ಮುದುಕಿಯ ಮನೆಯ ಮುಂದಿನ ಚಪ್ಪರದಲ್ಲಿ ಕೂತರು.

ಅಲ್ಲಿ ಮಲ್ಲೇಶ್ ಅವರಿಗೆ ಹೇಳಿದ್ದು ನನಗೆ ಗೊತ್ತಾದದ್ದು ಆಮೇಲೆ. ನಿಮಗೆ ಈಗಲೇ ಹೇಳಿಬಿಡುತ್ತೇನೆ. ಬಾಲಮ್ಮನ ಒಬ್ಬನೇ ಮಗ ಅಂಜಯ್ಯ ಕೂಲಿಗೆಂದು ದೂರದ ರಾಜ್ಯಕ್ಕೆ ಹೋದವನು ವರ್ಷಗಳಾದರೂ ಬಂದಿರಲಿಲ್ಲ, ಸುದ್ದಿಯೂ ಇರಲಿಲ್ಲ. ಸತ್ತಿರಬೇಕು, ಎಡೆ ಇಡದಿದ್ದರೆ ಹಸಿದು ಅಲೆಯುತ್ತಾನೆ ಎಂದು ಮೈದುನಂದಿರು ಹಟ ಹಿಡಿದಿದ್ದರು. ಮಗ ಬಂದಾನೆಂದು ಹಗಲೂ ರಾತ್ರಿ ಕಟ್ಟೆಯ ಮೇಲೆ ಅವನ ಕೌದಿ ಹಾಸಿಟ್ಟಿರುತ್ತಿದ್ದ ಅವಳು ಒಪ್ಪಿರಲಿಲ್ಲ. ಆ ವರ್ಷ ಕೊನೆಗೆ ಒಂದು ಕರಾರಿನ ಮೇಲೆ ಒಪ್ಪಿದ್ದಳು: "ಕಾಗಿ ಮುಟ್ಟಿದ್ರ ನನ್ನ ಮಗ ಇಲ್ಲ ಅಂತ ನಾ ಒಪ್ಪತೀನಿ. ಮುಟ್ಟಲಿಲ್ಲಾಂದ್ರ ಅವ ಬದುಕ್ಯಾನ ಅಂತ ನೀವು ಒಪ್ಪಬೇಕು. ಮತ್ತ ಈ ಮಾತು ತೆಗೀಬಾರ್ದು." ಬೆಳಿಗ್ಗೆಯೇ ಹಿತ್ತಿಲಿನಲ್ಲಿ ಎಡೆ ಇಟ್ಟಿದ್ದರು. ಒಂದು ಕಾಗೆಯೂ ಇಳಿದಿರಲಿಲ್ಲ. ಮುದುಕಿ ಅಂದು ಗೆದ್ದವಳ ಹಾಗೆ ನಗುನಗುತ್ತ ಎಲ್ಲರಿಗೂ ರೊಟ್ಟಿ ಬಡಿಸುತ್ತಿದ್ದಳಂತೆ.

ನಾನು ಕುಂಟುತ್ತ ಹಿತ್ತಿಲ ಕಡೆಯಿಂದ ಬಂದೆ. ಹುಣಸೆಮರದ ಬುಡದಲ್ಲಿ ಒಂದು ಮುತ್ತಲದೆಲೆ, ಪಕ್ಕದಲ್ಲಿ ಚೊಂಬು ನೀರು. ನೀವಾಗಿದ್ದರೂ ಏನೆಂದುಕೊಳ್ಳುತ್ತಿದ್ದಿರಿ? ಬೆಳಿಗ್ಗೆಯಿಂದ ಹಾಗೆಯೇ ತಾನೆ ಇಟ್ಟಿದ್ದು? ಅಳಿಯನ ಎಲೆ ಎಂದುಕೊಂಡೆ. ಮೊಣಕಾಲು ಹಿಡಿದುಕೊಂಡು ಕೂತೆ. ಎಲೆಯ ಮೇಲೆ ಜೋಳದ ರೊಟ್ಟಿ, ಪುಂಡಿಪಲ್ಯ, ಇಡೀ ಉಳ್ಳಾಗಡ್ಡಿ, ಒಂದು ಮುದ್ದೆ ಹಸಿಮೆಣಸಿನಕಾಯಿ ಖಾರ. ಖಾರ ನೋಡಿ, 'ಈ ಮಲ್ಲೇಶ ಇಲ್ಲಿ ಮರೆತ' ಎಂದುಕೊಂಡದ್ದು ಚೆನ್ನಾಗಿ ನೆನಪಿದೆ.

ಅದರ ನಂತರದ್ದು ನೆನಪಿಲ್ಲ.

ನಿದ್ದೆ ಬಂದಂತಲ್ಲ, ತಲೆ ತಿರುಗಿದಂತೆಯೂ ಅಲ್ಲ. ಖಾರದ ಮೇಲೆ ಕಣ್ಣಿತ್ತು, ಮರುಕ್ಷಣ ಎಲೆ ಬರಿದಾಗಿತ್ತು. ನನ್ನ ಎಡಗೈ ಅಂಟಂಟಾಗಿತ್ತು. ಎದುರಿಗೆ ಒಬ್ಬ ಮುದುಕಿ ಕುಕ್ಕರಗಾಲಿನಲ್ಲಿ ಕೂತು ಆ ಕೈಗೆ ನೀರು ಹಾಕುತ್ತಿದ್ದಳು. ಅವಳ ಹಿಂದೆ ಶಾರದಾ, ಮಲ್ಲೇಶ್, ಊರವರು ನಿಂತಿದ್ದರು.

"ಹೊಟ್ಟಿ ತುಂಬ್ತೇನಪಾ?" ಎಂದು ಮುದುಕಿ ನನ್ನನ್ನೇ ಕೇಳಿದಳು. "ಇನ್ನ ತಿರಗಬ್ಯಾಡ. ಅಲ್ಲೇ ಇರು. ನಾನೇ ಬರ್ತೀನಿ."

ಅವಳು ಅಳಲಿಲ್ಲ. ಎದ್ದು ಹೋಗಿ ಕಟ್ಟೆಯ ಮೇಲಿನ ಕೌದಿಯನ್ನು ಕೊಡವಿ, ಮಡಿಚಿ, ಒಳಗೆ ಒಯ್ದಳು. ಅದನ್ನು ಕಂಡು ಅವಳ ಮೈದುನ ಗೋಡೆಗೆ ಮುಖ ಮಾಡಿ ನಿಂತ.

ಬಸ್ಸಿನಲ್ಲಿ ಹುಡುಗರು ಯಾರೂ ಹಾಡಲಿಲ್ಲ. ಶಾರದಾ ಕಿಟಕಿಯಿಂದ ತಿರುಗಿ ಕೇಳಿದಳು, "ನೀವು ಚಾಷ್ಟಿ ಮಾಡಿದ್ರೇನ್ರಿ?"

"ಏನು ಚಾಷ್ಟಿ?"

ಆಗ ಹೇಳಿದಳು. ನಾನು ಕಾಣಲಿಲ್ಲವೆಂದು ಅವಳು ಹಿತ್ತಿಲಿಗೆ ಬಂದಾಗ ನಾನು ಎಡಗೈಯಲ್ಲಿ ಉಣ್ಣುತ್ತಿದ್ದೆನಂತೆ. ಹುಟ್ಟಿದಾಗಿನಿಂದ ಬಲಗೈಯವನು ನಾನು. ಉಳ್ಳಾಗಡ್ಡಿಯನ್ನು ಅಂಗಿಯ ತುದಿಯಲ್ಲಿ ಸುತ್ತಿ ನೆಲಕ್ಕಿಟ್ಟು ಮುಷ್ಟಿಯಿಂದ ಗುದ್ದಿದೆನಂತೆ. ಖಾರವನ್ನು ಬೆರಳಿನಿಂದ ಬಳಿದು ತಿಂದು, ರೊಟ್ಟಿಯ ಕೊನೆಯ ತುಣುಕನ್ನು ಎಲೆಯ ಅಂಚಿನ ಕೆಳಗೆ ತುರುಕಿದೆನಂತೆ. ಅವಳ ಬೆನ್ನಿಗೆ ಬಾಲಮ್ಮ ಬಂದಳು. ಮಲ್ಲೇಶ್ ನನ್ನನ್ನು ಎಬ್ಬಿಸಲು ಓಡಿದಾಗ ಮುದುಕಿ ಕೈ ಅಡ್ಡ ಹಿಡಿದಳು. ನಿಂತಲ್ಲಿಂದಲೇ, "ಅಂಜಾ," ಎಂದು ಕೂಗಿದಳು.

"ಅದಕ್ಕ ನೀವು ಓ ಅಂದ್ರಿ," ಎಂದಳು ಶಾರದಾ. "'ಓ, ಬಂದೆ ಯವ್ವಾ' ಅಂದ್ರಿ. ನಿಮ್ಮ ದನಿ ಅಲ್ಲರಿ ಅದು. ನಿಮ್ಮ ಕೂಡ ಇಷ್ಟ ವರ್ಷ ಬಾಳೇ ಮಾಡೀನಿ, ನನಗ ಗೊತ್ತಾಗೂದಿಲ್ಲೇನು?"

ಅಂಗಿಯ ತುದಿ ನೋಡಿಕೊಂಡೆ. ಮಣ್ಣು ಹತ್ತಿತ್ತು, ಉಳ್ಳಾಗಡ್ಡಿಯ ವಾಸನೆ ಇತ್ತು.

ಅಂದು ರಾತ್ರಿ ಮಾತ್ರೆ, ನೀರು, ಎತ್ತರದ ದಿಂಬು ಎಲ್ಲ ಸಿದ್ಧಮಾಡಿಕೊಂಡು ಎದೆಯುರಿಗಾಗಿ ಕಾದೆ. ಬರಲಿಲ್ಲ. ಹೊಟ್ಟೆ ಹಗುರವಾಗಿತ್ತು, ಏನೂ ತಿಂದೇ ಇಲ್ಲವೆಂಬಂತೆ. ಎದೆಯುರಿ ಬರಲಿಲ್ಲವೆಂದು ಹೆದರಿದ ಮನುಷ್ಯ ಜಗತ್ತಿನಲ್ಲಿ ನಾನೊಬ್ಬನೇ ಇರಬೇಕು. ಡಾಕ್ಟರು, ಬಿಸಿಲಲ್ಲಿ ನಡೆದು ಶುಗರ್ ಇಳಿದಿರಬೇಕು, ಅಂಥ ಹೊತ್ತಿನಲ್ಲಿ ಮನುಷ್ಯ ಏನೇನೋ ಮಾಡುತ್ತಾನೆ ಎಂದರು. ನಾನು ಅದನ್ನು ಗಟ್ಟಿಯಾಗಿ ಹಿಡಿದುಕೊಂಡೆ. ಖಾರ ತಿಂದದ್ದು ಶುಗರ್, ಎಡಗೈ ಶುಗರ್, 'ಬಂದೆ ಯವ್ವಾ' ಕೂಡ ಶುಗರ್.

ಚಳಿ ಕಾಲಿಡುವ ಹೊತ್ತಿಗೆ ಮಲ್ಲೇಶ್ ಫೋನ್ ಮಾಡಿದ. ಬಾಲಮ್ಮ ತೀರಿಕೊಂಡಿದ್ದಳು. ರೋಗವೇನೂ ಇರಲಿಲ್ಲ. ಅಮಾವಾಸ್ಯೆಯ ಮರುದಿನದಿಂದಲೇ ಊಟ ಕಡಿಮೆ ಮಾಡುತ್ತ ಬಂದಿದ್ದಳು. 'ಮಗ ಉಂಡ, ನನ್ನ ಕೆಲಸ ಮುಗೀತು' ಎನ್ನುತ್ತಿದ್ದಳಂತೆ. ಮಡಿಚಿಟ್ಟ ಕೌದಿಯನ್ನು ಹೊದ್ದು ಮಲಗಿದವಳು ಏಳಲಿಲ್ಲ. "ನಿಮ್ದೇನೂ ತಪ್ಪಿಲ್ಲ ಅಣ್ಣಾ," ಎಂದು ಮಲ್ಲೇಶ್ ಅಂದ. ನಾನು ಕೇಳದೆಯೇ ಅಂದ.

ಮುಂದಿನ ಬೇಸಿಗೆಯಲ್ಲಿ ಅವನ ಫೋನು ಮತ್ತೊಮ್ಮೆ ಬಂತು. "ಅಣ್ಣಾ, ಅಂಜಯ್ಯ ವಚ್ಚಿಂಡು. ಬಂದಾನ. ಬದುಕ್ಯಾನ."

ಎಲ್ಲೋ ಒಂದು ಇಟ್ಟಿಗೆ ಭಟ್ಟಿಯಲ್ಲಿ ಅವನನ್ನು ಹೊರಗೆ ಬಿಡದೆ, ಫೋನು ಕಿತ್ತುಕೊಂಡು ದುಡಿಸುತ್ತಿದ್ದರಂತೆ. ಹೇಗೋ ತಪ್ಪಿಸಿಕೊಂಡು ಬಂದಿದ್ದ. ಈಗ ಅವನಿಗೆ ನನ್ನನ್ನು ನೋಡಬೇಕಂತೆ. ನಾನು ಹೋಗುವುದಿಲ್ಲ ಎಂದೆ. "ಹೋಗಲಿಲ್ಲಾಂದ್ರ ಜಲಮಪೂರ್ತಿ ಅದನ್ನ ನೆನಸಿಕೋತ ಕುಂದರತೀರಿ. ನನಗ ಆ ತ್ರಾಸ ಬ್ಯಾಡ," ಎಂದು ಶಾರದಾ ಹೊರಡಿಸಿದಳು.

ಅಂಜಯ್ಯ ಅದೇ ಕಟ್ಟೆಯ ಮೇಲೆ ಕೂತಿದ್ದ. ಕಪ್ಪಗೆ, ಒಣಗಿದ ಆಳು. ಅವನ ಚಿಕ್ಕಮ್ಮ ನಮಗೆಲ್ಲ ರೊಟ್ಟಿ ತಂದಿಟ್ಟಳು. ನನಗೆ ಉಣ್ಣಲಾಗಲಿಲ್ಲ, ಅವನನ್ನೇ ನೋಡುತ್ತಿದ್ದೆ. ಅವನು ಎಡಗೈ ಮುಂದೆ ಮಾಡಿದ. ಉಳ್ಳಾಗಡ್ಡಿಯನ್ನು ಅಂಗಿಯ ತುದಿಯಲ್ಲಿ ಸುತ್ತಿ ಗುದ್ದಿದ. ಖಾರವನ್ನು ಬೆರಳಿನಿಂದ ಬಳಿದ. ಕೊನೆಯ ತುಣುಕು ರೊಟ್ಟಿಯನ್ನು ತಟ್ಟೆಯ ಅಂಚಿನ ಕೆಳಗೆ ಸರಿಸಿದ. "ಇರಬಿಗಿ," ಎಂದ, ನಾನು ನೋಡುತ್ತಿರುವುದನ್ನು ಕಂಡು. "ಅವ್ವ ಕಲಿಸಿದ್ದು. ಇರುವೆಗಳಿಗೆ ಬಿಡಬೇಕಂತ."

ಕೈ ತೊಳೆದ ಮೇಲೆ ಕೇಳಿದ. ಕೋಪವಿರಲಿಲ್ಲ. ಕೋಪವಿದ್ದಿದ್ದರೆ ಚೆನ್ನಾಗಿತ್ತು.

"ಅವ್ವ ಕರದಾಗ ನೀವು ಓ ಅಂದ್ರಂತಲ್ರಿ?"

"ನನಗ ನೆನಪಿಲ್ಲಪಾ. ಇವರು ಹೇಳತಾರ," ಎಂದೆ.

"ಒಮ್ಮಿ ಅನ್ರಿ. ಅವ್ವ ಏನು ಕೇಳಿ ನಂಬಿದಳು, ನಾನೂ ಕೇಳ್ತೀನಿ."

ನಾನು ಅಂದೆ, "ಓ, ಬಂದೆ ಯವ್ವಾ." ಬೇಗಂ ಬಜಾರಿನಲ್ಲಿ ಗಿರಾಕಿಗೆ ಉತ್ತರ ಕೊಡುವ ನನ್ನದೇ ಒಡಕು ದನಿ. ಅಂಜಯ್ಯ ಅಲ್ಲವೆಂಬಂತೆ ತಲೆಯಾಡಿಸಿದ. ಶಾರದಾ ಮೆಲ್ಲಗೆ, "ಇದಲ್ಲ," ಎಂದಳು. "ಅವತ್ತಿಂದು ಇದಲ್ಲ."

ಆಮೇಲೆ ಅವನು ಖಾಲಿ ಬಾಗಿಲ ಕಡೆ ತಿರುಗಿ, ಒಳಗಿನಿಂದ ಯಾರೋ ಕರೆದವರಿಗೆ ಹೇಳುವಂತೆ, ಕೊನೆಯನ್ನು ಎಳೆದು, ತಾನೇ ಅಂದ: "ಓ... ಬಂದೆ ಯವ್ವಾ."

ಶಾರದಾಳ ಉಗುರು ನನ್ನ ಮೊಣಕೈಯೊಳಗೆ ಇಳಿಯಿತು. ಅವಳ ಮುಖ ನೋಡುವ ಅಗತ್ಯ ನನಗಿರಲಿಲ್ಲ.

ನಡೆದದ್ದು ಇಷ್ಟು. ಸತ್ತವರು ಬಂದು ಉಣ್ಣುತ್ತಾರೆ ಎಂಬುದಕ್ಕೆ ಒಂದು ನಂಬಿಕೆಯಾದರೂ ಇದೆ. ಬೇಕಾದರೆ ಈ ವಯಸ್ಸಿನಲ್ಲಿ ನಾನೂ ನಂಬಲು ಕಲಿಯುತ್ತಿದ್ದೆ. ಭಟ್ಟಿಯಲ್ಲಿ ಬದುಕಿದ್ದು, ಹಸಿದು ಇಟ್ಟಿಗೆ ಹೊರುತ್ತಿದ್ದವನು ನನ್ನ ಬಾಯಿಂದ ಉಂಡು, ತಾಯಿಗೆ ತಾನು ಸತ್ತೆನೆಂದು ಒಪ್ಪಿಸಿ ಹೋದ ಎಂಬುದಕ್ಕೆ ಯಾವ ಶಾಸ್ತ್ರವಿದೆ? ಬಲ್ಲವರನ್ನು ಕೇಳಿದೆ. ಅವರು ಕಳ್ಳಿನ ವಿಷಯ ಕೇಳಿದರು. ಈಗ ನನಗೂ ಕೇಳುವುದು ಸಾಕಾಗಿದೆ. ಶಾರದಾ ಅಡುಗೆಮನೆಯಿಂದ ಕರೆದರೆ ನಾನು ಓ ಎನ್ನುವುದಿಲ್ಲ. ಮೊಣಕಾಲು ಹಿಡಿದುಕೊಂಡು ಎದ್ದು ಅಲ್ಲಿಯವರೆಗೂ ಹೋಗುತ್ತೇನೆ. ಅವಳೂ ಯಾಕೆಂದು ಕೇಳುವುದಿಲ್ಲ.