ಒಂದೂ ಮಾತಿಲ್ಲದ ಪಾತ್ರ

ಎವರ್‌ಗ್ರೀನ್ ಬಡಾವಣೆಯಲ್ಲಿರುವ ನನ್ನ ಅಣ್ಣನ ಹೆಂಡತಿ, ಧಾರವಾಡದ ವೈನಿ, ನನ್ನನ್ನು ಸ್ಯಾನ್ ಫ್ರಾನ್ಸಿಸ್ಕೋದ ರಷ್ಯನ್ ಬೇಕರಿಯೊಂದಕ್ಕೆ ಕರೆದೊಯ್ದಿದ್ದರು. ಪಕ್ಕದ ಮೇಜಿನಲ್ಲಿದ್ದ ಮುದುಕರೊಬ್ಬರನ್ನು ತೋರಿಸಿ ಅಂಗಡಿಯಾಕೆ, "ರಷ್ಯಾದಲ್ಲಿ ಇವರು ದೊಡ್ಡ ಸಿನಿಮಾ ನಟ. ಚಿತ್ರಕಥೆಗಳನ್ನೂ ಬರೆದವರು" ಎಂದಳು. ಮಾಡಿದ ಪಾತ್ರಗಳಲ್ಲಿ ಯಾವುದು ಹೆಚ್ಚು ಇಷ್ಟ ಎಂದು ನಾನು ಅವರನ್ನು ಕೇಳಿದೆ.

"ಯುದ್ಧ ಮುಗಿದ ಮೇಲೆ ಸ್ಟೇಷನ್ನಿನಲ್ಲಿ ಮಗನಿಗಾಗಿ ಕಾಯುವ ಅಪ್ಪ. ನಾನೇ ಬರೆದದ್ದು. ಒಂದೂ ಮಾತಿಲ್ಲ," ಎಂದು ನಕ್ಕರು.

"ಮಾತ ಇಲ್ದ ನೋಡೋರಿಗೆ ಹೆಂಗ ತಿಳೀತದ?" ಎಂದು ವೈನಿ ನನ್ನ ಕಿವಿಯಲ್ಲಿ ಕೇಳಿದರು. ಅದನ್ನೇ ನಾನು ಇಂಗ್ಲಿಷಿನಲ್ಲಿ ಕೇಳಿದೆ.

ಅವರು ಎದ್ದರು. ಟೋಪಿಯನ್ನು ಎದೆಗೆ ಹಿಡಿದು ಬಾಗಿಲ ಕಡೆ ನೋಡುತ್ತ ನಿಂತರು, ಅಷ್ಟೇ. ಎದುರಿಗೆ ರೈಲಿನಿಂದ ಒಬ್ಬೊಬ್ಬರೇ ಇಳಿದು ಬರುತ್ತಿರುವಂತೆ ಅವರ ಕಣ್ಣು ಬೆಳಗುತ್ತಿತ್ತು, ಆರುತ್ತಿತ್ತು, ಮತ್ತೆ ಬೆಳಗುತ್ತಿತ್ತು. ರೈಲು ಖಾಲಿಯಾಯಿತೆಂದು ನಮಗೂ ಗೊತ್ತಾಯಿತು. ಆದರೂ ಅವರು ಅಲ್ಲಿಂದ ಕದಲಲಿಲ್ಲ. ವೈನಿ ನನ್ನ ಮೊಣಕೈ ಬಿಗಿಯಾಗಿ ಹಿಡಿದುಕೊಂಡಿದ್ದರು.

ಆಗ ಇದಾವುದೂ ತಿಳಿಯದ ಗಿರಾಕಿಯೊಬ್ಬ ಒಳಗೆ ಬಂದ. ಮುದುಕರ ಮುಖ ಕಂಡು ನಿಂತ. ಮುಚ್ಚಿಕೊಳ್ಳುತ್ತಿದ್ದ ಬಾಗಿಲನ್ನು ಕೈಯಿಂದ ತಡೆದು, ತನ್ನ ಹಿಂದೆ ಯಾರು ಬರುತ್ತಿದ್ದಾರೆಂದು ತಿರುಗಿ ನೋಡಿದ.